ಬಯಲಿಗೆ ಇಳಿದಾಗ ಕಣ್ಣು ಚುರುಕಾಗಿರಬೇಕು: ಓದುಗರ ಪ್ರಶ್ನೆ, ನಮ್ಮ ಉತ್ತರ

ಈ ಸಲ ಬಂದ ಕಾಗದಗಳಲ್ಲಿ ಹೆಚ್ಚಿನವು ಹೊರಗೆ ಓಡಾಡುವವರದ್ದು. ಬಂಡೆ ಹತ್ತುವವರು, ಹರಿಗೋಲು ನಡೆಸುವವರು, ಹಕ್ಕಿ ನೋಡುವವರು, ಕ್ರಿಕೆಟ್ ಆಡುವವರು, ಒಬ್ಬರು ಪೈಲ್ವಾನರು ಕೂಡ ಬರೆದಿದ್ದಾರೆ. ಸುತ್ತಿ ಬಳಸಿ ಎಲ್ಲರೂ ಕೇಳಿರುವುದು ಒಂದೇ: ದೂರದ್ದು, ಸಣ್ಣದು, ವೇಗವಾಗಿ ಬರುವುದು ಈಗಿನದಕ್ಕಿಂತ ಚೆನ್ನಾಗಿ ಕಾಣಬೇಕು, ಏನು ಮಾಡಬೇಕು? ನಾನು ಗಂಗಾವತಿಯಲ್ಲಿ ದಿನಾ ಕಣ್ಣು ಪರೀಕ್ಷೆ ಮಾಡುವವಳು. ನನ್ನ ಅಭಿಪ್ರಾಯ ಮೊದಲೇ ಹೇಳಿಬಿಡುತ್ತೇನೆ. ಮೊದಲು ನಂಬರ್ ಸರಿ ಮಾಡಿಸಿ, ಆಮೇಲೆ ಬೆಳಕು ಮತ್ತು ಧೂಳಿನ ಕಡೆ ಗಮನ ಕೊಡಿ, ಎಲ್ಲಿ ನೋಡಬೇಕು ಅನ್ನುವ ಅಭ್ಯಾಸ ಅದಾದ ಮೇಲೆ. ಬಹಳ ಜನ ಇದನ್ನು ತಿರುಗಾಮುರುಗಾ ಮಾಡುತ್ತಾರೆ.

ಪ್ರಶ್ನೆ: ನನಗೆ 24 ವರ್ಷ. ಸಣಾಪುರದ ಕಡೆ ಬಂಡೆಗಳ ಮೇಲೆ ಬೌಲ್ಡರಿಂಗ್, ಅಂದ್ರೆ ಹಗ್ಗ ಇಲ್ಲದೆ ಬಂಡೆ ಹತ್ತುವುದು, ಮಾಡುತ್ತೇನೆ. ಕೈಗೆ ಸಿಗುವ ಸಣ್ಣ ಅಂಚು, ಕಾಲಿಡುವ ಉಬ್ಬು ತೀರಾ ಹತ್ತಿರ ಹೋಗುವವರೆಗೆ ಗೊತ್ತಾಗುವುದಿಲ್ಲ. ಹಿಂದೆ ಒಮ್ಮೆ ಕನ್ನಡಕ ಬರೆದುಕೊಟ್ಟಿದ್ದರು, ಹಾಕಲಿಲ್ಲ. ಚೀಟಿಯಲ್ಲಿ ಮೈನಸ್ 0.75, ಸಿಲಿಂಡರ್ ಮೈನಸ್ 1.25 ಅಂತ ಇದೆ. ಕಣ್ಣಿನ ವ್ಯಾಯಾಮ ಮಾಡಿದರೆ ನಂಬರ್ ಹೋಗುತ್ತದೆ ಅಂತ ವಿಡಿಯೋಗಳಲ್ಲಿ ಹೇಳುತ್ತಾರೆ. ನಿಜಾನಾ? — ಆನೆಗೊಂದಿ

ಇಲ್ಲ, ಹೋಗುವುದಿಲ್ಲ. ದೊಡ್ಡವರ ಕಣ್ಣುಗುಡ್ಡೆ ಮುಂದಿನಿಂದ ಹಿಂದಕ್ಕೆ ಸುಮಾರು 24 ಮಿಲಿಮೀಟರ್ ಉದ್ದ ಇರುತ್ತದೆ. ಅದು ಒಂದೇ ಒಂದು ಮಿಲಿಮೀಟರ್ ಜಾಸ್ತಿಯಾದರೂ ಎರಡೂವರೆ, ಮೂರು ನಂಬರ್ ಮೈನಸ್ ಬರುತ್ತದೆ. ಸಿಲಿಂಡರ್ ನಂಬರ್ ಬರುವುದು ಹೆಚ್ಚಾಗಿ ಕಣ್ಣಿನ ಮುಂದಿನ ಗಾಜಿನಂಥ ಪದರ, ಅಂದ್ರೆ ಕಾರ್ನಿಯಾ, ಒಂದು ದಿಕ್ಕಿನಲ್ಲಿ ಜಾಸ್ತಿ ಬಾಗಿರುವುದರಿಂದ. ಕಣ್ಣು ಗರಗರ ತಿರುಗಿಸಿದರೆ, ಅಂಗೈ ಉಜ್ಜಿ ಕಣ್ಣಿಗಿಟ್ಟರೆ ಆ ಉದ್ದ ಕಡಿಮೆಯಾಗುವುದಿಲ್ಲ, ಆ ಬಾಗೂ ಬದಲಾಗುವುದಿಲ್ಲ. ದಣಿದ ಕಣ್ಣಿಗೆ ಸ್ವಲ್ಪ ಹಿತ ಅನಿಸಬಹುದು, ಅಷ್ಟೇ.

ನಿಮ್ಮ ಚೀಟಿಯನ್ನೇ ಲೆಕ್ಕ ಹಾಕಿ ನೋಡೋಣ. ಮೈನಸ್ 0.75ಕ್ಕೆ ಸಿಲಿಂಡರ್ ಸೇರಿಸಿದರೆ ಒಂದು ದಿಕ್ಕಿನಲ್ಲಿ ನಿಮ್ಮ ನಂಬರ್ ಮೈನಸ್ 2 ಆಗುತ್ತದೆ. 1ನ್ನು ನಂಬರಿನಿಂದ ಭಾಗಿಸಿದರೆ ಎಷ್ಟು ಮೀಟರಿನವರೆಗೆ ಸ್ಪಷ್ಟ ಕಾಣುತ್ತದೆ ಅಂತ ಸಿಗುತ್ತದೆ: 0.75ಕ್ಕೆ 1.3, 2ಕ್ಕೆ ಅರ್ಧ. ಅಂದ್ರೆ ಕನ್ನಡಕ ಇಲ್ಲದೆ ಸುಮಾರು 1.3 ಮೀಟರ್ ಆಚೆ ಇರುವುದೆಲ್ಲ ನಿಮಗೆ ಮಂಜು. ಅರ್ಧ ಮೀಟರಿನಿಂದ 1.3 ಮೀಟರ್ ಒಳಗೆ ಒಂದು ದಿಕ್ಕಿನ ಗೆರೆ ಚೆನ್ನಾಗಿ ಕಾಣುತ್ತದೆ, ಇನ್ನೊಂದು ದಿಕ್ಕಿನದು ಕದಡಿರುತ್ತದೆ. ಬಂಡೆಗೆ ಆತುಕೊಂಡು ನಿಂತು ಕೈಚಾಚಿದರೆ ಮುಂದಿನ ಹಿಡಿತ ಇರುವುದು ಸರಿಯಾಗಿ ಇದೇ ದೂರದಲ್ಲಿ, ಅಲ್ವಾ? ಹಾಗಾಗಿ ನಿಮ್ಮ ತೊಂದರೆಗೆ ಉತ್ತರ ಆ ಹಳೇ ಚೀಟಿಯಲ್ಲೇ ಇದೆ. ಆದರೆ ಅದನ್ನೇ ಹಿಡಿದುಕೊಂಡು ಅಂಗಡಿಗೆ ಹೋಗಬೇಡಿ. ಹೊಸದಾಗಿ ಪರೀಕ್ಷೆ ಮಾಡಿಸಿ. ಸಿಲಿಂಡರಿನ ಡಿಗ್ರಿ, ಅಂದ್ರೆ ಅದನ್ನು ಕೂರಿಸುವ ದಿಕ್ಕು, ಸ್ವಲ್ಪ ಆಚೀಚೆ ಆದರೂ ಚುರುಕು ಕಡಿಮೆಯಾಗುತ್ತದೆ.

ಮನೆಯಲ್ಲೇ ಒಂದು ಪರೀಕ್ಷೆ ಮಾಡಬಹುದು. ಒಂದು ರಟ್ಟಿಗೆ ಸೂಜಿಯಿಂದ ಸಣ್ಣ ತೂತು ಮಾಡಿ, ಒಂದು ಕಣ್ಣು ಮುಚ್ಚಿ, ಆ ತೂತಿನಲ್ಲಿ ದೂರದ ಬೋರ್ಡು ನೋಡಿ. ಮಂಜಾಗಿದ್ದದ್ದು ಸ್ಪಷ್ಟವಾದರೆ ಅದು ಕನ್ನಡಕದಿಂದ ಸರಿಹೋಗುವ ತೊಂದರೆ. ತೂತಿನಲ್ಲೂ ಮಂಜಾಗಿದ್ದರೆ ಕಣ್ಣಿನ ಡಾಕ್ಟರ್ ನೋಡಲೇಬೇಕು. ಕಣ್ಣು ಕಿರಿದು ಮಾಡಿ ನೋಡಿದಾಗ ಚೆನ್ನಾಗಿ ಕಾಣುವುದಕ್ಕೂ ಇದೇ ಕಾರಣ. ವ್ಯಾಯಾಮದಿಂದ ಸರಿಹೋಯಿತು ಅನ್ನುವ ಎಷ್ಟೋ ಜನ ತಮಗೇ ಗೊತ್ತಿಲ್ಲದೆ ಕಣ್ಣು ಕಿರಿದು ಮಾಡುತ್ತಿರುತ್ತಾರೆ.

ಬಂಡೆಗೆ ಪಾಲಿಕಾರ್ಬೊನೇಟ್ ಲೆನ್ಸ್ ಹಾಕಿಸಿ, ಬಿದ್ದರೂ ಸುಲಭಕ್ಕೆ ಚೂರಾಗುವುದಿಲ್ಲ. ಫ್ರೇಮಿಗೆ ಹಿಂದಿನಿಂದ ಪಟ್ಟಿ ಕಟ್ಟಿಕೊಳ್ಳಿ. ಕಾಂಟ್ಯಾಕ್ಟ್ ಲೆನ್ಸ್ ಬೇಕೆಂದರೆ ಒಂದೇ ದಿನ ಹಾಕಿ ಬಿಸಾಡುವ ಜಾತಿಯದು ತಗೊಳ್ಳಿ, ಸಿಲಿಂಡರಿಗೂ ಸಿಗುತ್ತದೆ. ಆದರೆ ಕೈಗೆ ಚಾಕ್ ಪುಡಿ ಇರುವಾಗ ಲೆನ್ಸ್ ಮುಟ್ಟಬಾರದು. ಹತ್ತಿ ಇಳಿದು ಸುಸ್ತಾಗಿ ಸಣಾಪುರ ಕೆರೆಗೆ ಹಾರುತ್ತೀರಲ್ಲ, ಆಗಂತೂ ಲೆನ್ಸ್ ಕಣ್ಣಲ್ಲಿ ಇರಲೇಬಾರದು. ಕೆರೆ, ಹೊಳೆ, ನಲ್ಲಿ ನೀರಲ್ಲೂ ಇರುವ ಅಕಾಂತಮೀಬಾ ಅನ್ನುವ ಸೂಕ್ಷ್ಮಜೀವಿ ಲೆನ್ಸ್ ಕೆಳಗೆ ಸೇರಿಕೊಂಡರೆ ಕಾರ್ನಿಯಾ ಹುಣ್ಣಾಗಿ ದೃಷ್ಟಿಯೇ ಹೋಗಬಹುದು.

ಇನ್ನು ಬೆಳಕು. ನಮ್ಮ ಕಡೆಯ ಬಂಡೆಯಲ್ಲಿ ಹಿಡಿತದ ಬಣ್ಣವೂ ಬಂಡೆಯ ಬಣ್ಣವೂ ಒಂದೇ. ಅಂಚು ಗೊತ್ತಾಗುವುದು ಅದರ ನೆರಳಿನಿಂದ ಮಾತ್ರ. ಬಿಸಿಲು ಬಂಡೆಗೆ ಎದುರಿನಿಂದ ನೇರ ಬಿದ್ದಾಗ ಎಲ್ಲ ಚಪ್ಪಟೆಯಾಗಿ ಕಾಣುತ್ತದೆ, ಓರೆಯಾಗಿ ಬಿದ್ದಾಗ ಗೋಧಿ ಕಾಳಿನಷ್ಟು ಉಬ್ಬೂ ಎದ್ದು ಕಾಣುತ್ತದೆ. ಆ ಹೊತ್ತು ನೋಡಿಕೊಂಡು ಕೆಳಗೆ ನಿಂತೇ ದಾರಿ ಓದಿಕೊಳ್ಳಿ. ಕತ್ತಲಾದ ಮೇಲೆ ಹಣೆಗೆ ಕಟ್ಟುವ ಟಾರ್ಚಿನಿಂದ ಇದೇ ತೊಂದರೆ, ಬೆಳಕು ಕಣ್ಣಿನ ದಿಕ್ಕಿನಿಂದಲೇ ಬೀಳುವುದರಿಂದ ನೆರಳು ಕಾಣುವುದಿಲ್ಲ. ಗೆಳೆಯರೊಬ್ಬರು ಪಕ್ಕದಲ್ಲಿ ನಿಂತು ಓರೆಯಾಗಿ ಟಾರ್ಚ್ ಹಿಡಿಯಲಿ. ಇಷ್ಟು ಮಾಡಿದ ಮೇಲೆ ಅಭ್ಯಾಸ ಖಂಡಿತ ಕೆಲಸ ಮಾಡುತ್ತದೆ, ಮಸುಕಾದ ನೆರಳಿನಲ್ಲೂ ಆಕಾರ ಗುರುತಿಸುವುದನ್ನು ಮೆದುಳು ಕಲಿಯುತ್ತದೆ. ಹೆಚ್ಚು ಬಂಡೆ ನೋಡಿದವರಿಗೆ ಹೆಚ್ಚು ಕಾಣುವುದು ಇದಕ್ಕೇ.

ಪ್ರಶ್ನೆ: ತುಂಗಭದ್ರೆಯಲ್ಲಿ ಪ್ರವಾಸಿಗರನ್ನು ಹರಿಗೋಲಿನಲ್ಲಿ ಕರೆದುಕೊಂಡು ಹೋಗುತ್ತೇನೆ. ನೀರಿನ ಹೊಳಪಿಗೆ ಕಣ್ಣು ಕುಕ್ಕುತ್ತದೆ, ನೀರೊಳಗಿನ ಕಲ್ಲು ಕಾಣುವುದಿಲ್ಲ. ರಸ್ತೆ ಬದಿಯ ಕೂಲಿಂಗ್ ಗ್ಲಾಸ್ ಹಾಕಿದರೆ ನಡೆಯುತ್ತಾ? — ಗಂಗಾವತಿ ತಾಲ್ಲೂಕು

ಕಪ್ಪು ಇದ್ದ ಮಾತ್ರಕ್ಕೆ ಅದು ಕಣ್ಣು ಕಾಯುತ್ತದೆ ಅಂತ ಇಲ್ಲ. ಕಪ್ಪು ಗಾಜಿನ ಹಿಂದೆ ಕಣ್ಣಿನ ಪಾಪೆ ದೊಡ್ಡದಾಗಿ ತೆರೆದುಕೊಳ್ಳುತ್ತದೆ. ಆ ಗಾಜು ನೇರಳಾತೀತ (ಯುವಿ) ಕಿರಣವನ್ನು ತಡೆಯದೇ ಇದ್ದರೆ ಬರಿಗಣ್ಣಿಗಿಂತ ಜಾಸ್ತಿ ಕಿರಣ ಒಳಗೆ ಹೋಗಬಹುದು. ಯುವಿ 400 ಅಂತ ಇರುವುದನ್ನು ನಂಬಿಕೆಯ ಅಂಗಡಿಯಲ್ಲಿ ತಗೊಳ್ಳಿ. ಎಷ್ಟೋ ಅಂಗಡಿಗಳಲ್ಲಿ ಅದನ್ನು ಪರೀಕ್ಷಿಸುವ ಸಣ್ಣ ಯಂತ್ರ ಇರುತ್ತದೆ, ನಿಮ್ಮೆದುರೇ ತೋರಿಸಿ ಅಂತ ಕೇಳಿ.

ನಿಮ್ಮ ಕೆಲಸಕ್ಕೆ ಬೇಕಾದದ್ದು ಪೋಲರೈಸ್ಡ್ ಗಾಜು. ನೀರಿನ ಮೇಲಿಂದ ಚಿಮ್ಮುವ ಹೊಳಪು ಹೆಚ್ಚಾಗಿ ಅಡ್ಡ ದಿಕ್ಕಿನಲ್ಲಿ ಕಂಪಿಸುವ ಬೆಳಕು, ಈ ಗಾಜು ಅದನ್ನೇ ಹಿಡಿದು ನಿಲ್ಲಿಸುತ್ತದೆ. ಹೊಳಪು ಹೋದರೆ ನೀರೊಳಗಿನ ಕಲ್ಲು ತಾನಾಗಿ ಕಾಣುತ್ತದೆ. ಅಸಲಿಯೋ ನಕಲಿಯೋ ನೋಡಲು ಗಾಜಿನ ಮೂಲಕ ಮೊಬೈಲ್ ಪರದೆ ನೋಡುತ್ತಾ ನಿಧಾನಕ್ಕೆ ಗಾಜನ್ನು ತಿರುಗಿಸಿ. ಎಷ್ಟೋ ಮೊಬೈಲ್‌ಗಳಲ್ಲಿ ಒಂದು ಕೋನಕ್ಕೆ ಬಂದಾಗ ಪರದೆ ಕಪ್ಪಾಗುತ್ತದೆ. ಬಣ್ಣ ಕಂದು ಇರಲಿ, ಉಬ್ಬು ತಗ್ಗು ಎದ್ದು ಕಾಣುತ್ತದೆ. ಒಳಬದಿಯ ಕಡ್ಡಿಯ ಮೇಲೆ ಕ್ಯಾಟಗರಿ 3 ಅಂತ ಇದ್ದರೆ ನೂರಕ್ಕೆ 8ರಿಂದ 18 ಭಾಗ ಬೆಳಕು ಒಳಗೆ ಬಿಡುತ್ತದೆ, ನಮ್ಮ ಬಿಸಿಲಿಗೆ ಅದು ಸಾಕು. 4 ಬೇಡ, ಅದನ್ನು ಹಾಕಿಕೊಂಡು ಗಾಡಿ ಓಡಿಸುವ ಹಾಗಿಲ್ಲ.

ಅಗಲ ಅಂಚಿನ ಟೋಪಿಯನ್ನೂ ಬಿಡಬೇಡಿ. ವರ್ಷಾನುಗಟ್ಟಲೆ ಬಿಸಿಲು, ಗಾಳಿ, ಧೂಳಿನಲ್ಲಿ ಇರುವವರಿಗೆ ಮೂಗಿನ ಕಡೆಯ ಬಿಳಿ ಗುಡ್ಡೆಯಿಂದ ಕರಿ ಗುಡ್ಡೆ ಕಡೆಗೆ ಮಾಂಸ ಬೆಳೆಯುತ್ತದೆ. ಹೊಲದಲ್ಲಿ ದುಡಿಯುವವರಲ್ಲಿ ಇದನ್ನು ನಾನು ನೋಡುತ್ತಲೇ ಇರುತ್ತೇನೆ. ಅದು ಕಾರ್ನಿಯಾವನ್ನು ಎಳೆದು ಸಿಲಿಂಡರ್ ನಂಬರ್ ತರುತ್ತದೆ. ಹೆಚ್ಚುತ್ತಿದ್ದರೆ ಡಾಕ್ಟರಿಗೆ ತೋರಿಸಿ.

ಪ್ರಶ್ನೆ: ನನಗೆ 17 ವರ್ಷ. ಲೆದರ್ ಬಾಲಿನಲ್ಲಿ ಬ್ಯಾಟಿಂಗ್ ಮಾಡುತ್ತೇನೆ. ವೇಗದ ಬೌಲರ್ ಬಂದರೆ ಚೆಂಡು ಪಿಚ್ ಆದ ಮೇಲೆ ಕಳೆದುಹೋಗುತ್ತದೆ. ಕೊನೆವರೆಗೂ ಚೆಂಡು ನೋಡು ಅಂತ ಎಲ್ಲರೂ ಹೇಳುತ್ತಾರೆ, ಆಗುವುದಿಲ್ಲ. ಕಣ್ಣು ಚುರುಕು ಮಾಡಿಕೊಳ್ಳುವುದು ಹೇಗೆ? — ಬಳ್ಳಾರಿ

ತಮ್ಮಾ, ಕೊನೆವರೆಗೂ ಎಡೆಬಿಡದೆ ನೋಡುವುದು ದೊಡ್ಡ ಆಟಗಾರರಿಗೂ ಆಗುವುದಿಲ್ಲ, ಅದಕ್ಕೆ ಬೇಜಾರು ಬೇಡ. ಕೈ ಚಾಚಿ ಹೆಬ್ಬೆರಳು ಎತ್ತಿ ಹಿಡಿ. ಆ ಉಗುರಿನಷ್ಟು ಜಾಗದಲ್ಲಿ ಮಾತ್ರ ನಮ್ಮ ಕಣ್ಣು ಪೂರ್ತಿ ಚುರುಕು. ಉಳಿದದ್ದೆಲ್ಲ ಅಂದಾಜಿಗೆ ಕಾಣುವುದು. ಗಂಟೆಗೆ 120 ಕಿಲೋಮೀಟರ್ ವೇಗದ ಚೆಂಡು ನಿನ್ನ ಹತ್ತಿರ ಬರಲು ಅರ್ಧ ಸೆಕೆಂಡಿನ ಆಸುಪಾಸು ತೆಗೆದುಕೊಳ್ಳುತ್ತದೆ. ಅಷ್ಟರಲ್ಲಿ ಆ ಉಗುರಿನಗಲದ ಚುರುಕು ಜಾಗವನ್ನು ಚೆಂಡಿನ ಜೊತೆ ಪೂರ್ತಿ ಓಡಿಸಲು ಆಗುವುದಿಲ್ಲ.

2000ನೇ ಇಸವಿಯಲ್ಲಿ ಮೈಕಲ್ ಲ್ಯಾಂಡ್ ಮತ್ತು ಪೀಟರ್ ಮೆಕ್ಲಿಯಾಡ್ ಅನ್ನುವ ಇಬ್ಬರು ವಿಜ್ಞಾನಿಗಳು ಬ್ಯಾಟ್ಸ್‌ಮನ್‌ಗಳ ತಲೆಗೆ ಕ್ಯಾಮರಾ ಕಟ್ಟಿ ಕಣ್ಣು ಎಲ್ಲಿ ಹೋಗುತ್ತದೆ ಅಂತ ಅಳೆದರು. ಎಲ್ಲರೂ ಚೆಂಡು ಬಿಡುವ ಜಾಗ ನೋಡುತ್ತಾರೆ. ಆಮೇಲೆ ಕಣ್ಣು ಚೆಂಡನ್ನು ಬಿಟ್ಟು, ಅದು ಎಲ್ಲಿ ಪಿಚ್ ಆಗಬಹುದೋ ಆ ಜಾಗಕ್ಕೆ ಮುಂಚೆಯೇ ಜಿಗಿದು ಕಾಯುತ್ತದೆ. ಪಿಚ್ ಆದ ಮೇಲೆ ಸ್ವಲ್ಪ ಹೊತ್ತು ಮತ್ತೆ ಹಿಂಬಾಲಿಸುತ್ತದೆ. ಚೆನ್ನಾಗಿ ಆಡುವವರಲ್ಲಿ ಆ ಜಿಗಿತ ಬೇಗ ಆಗುತ್ತಿತ್ತು. ಹಾಗಾಗಿ ನೀನು ಪಳಗಿಸಬೇಕಾದದ್ದು ಬೌಲರನ ಕೈಯಿಂದ ಚೆಂಡು ಬಿಟ್ಟ ಮೊದಲ ಕ್ಷಣ. ಓಡಿ ಬರುವಾಗ ಅವನ ಮುಖ, ಕಾಲು ನೋಡುತ್ತಾ ಇರಬೇಡ. ಕೊನೆಯ ಹೆಜ್ಜೆಗಳಲ್ಲಿ ಕೈ ಮೇಲೆ ಬರುವ ಜಾಗಕ್ಕೆ ಕಣ್ಣು ಇಡು, ತಲೆ ಅಲ್ಲಾಡಿಸಬೇಡ.

ಅಭ್ಯಾಸ ಹೀಗೆ ಮಾಡು. ಹಳೇ ಚೆಂಡುಗಳಿಗೆ ಬೇರೆ ಬೇರೆ ಬಣ್ಣದ ಚುಕ್ಕೆ ಹಾಕು. ಗೆಳೆಯ ಹತ್ತಿರದಿಂದ ಎಸೆಯಲಿ, ನೀನು ಹೊಡೆಯದೆ ಬಿಟ್ಟು, ಚುಕ್ಕೆ ಯಾವ ಬಣ್ಣ, ಚೆಂಡು ಎಲ್ಲಿ ಬೀಳುತ್ತದೆ ಅಂತ ಬೀಳುವ ಮೊದಲೇ ಕೂಗಿ ಹೇಳು. ಎಸೆಯುವ ಉದ್ದ ಬದಲಾಯಿಸುತ್ತಾ ಇರಲಿ. ಬೌಲರನ ಕೈ ಹಿಂದೆ ಜನ, ಬೈಕು, ಬಣ್ಣಬಣ್ಣದ ಫ್ಲೆಕ್ಸ್ ಇದ್ದರೆ ಚೆಂಡು ಅದರಲ್ಲಿ ಕಲೆತುಹೋಗುತ್ತದೆ. ಮೈದಾನದಲ್ಲಿ ಸೈಟ್ ಸ್ಕ್ರೀನ್ ಇಲ್ಲದಿದ್ದರೆ ಒಂದು ಅಗಲ ಬಿಳಿ ಬಟ್ಟೆ ಕಟ್ಟಿ, ಇಷ್ಟಕ್ಕೇ ಎಷ್ಟು ವ್ಯತ್ಯಾಸ ಅಂತ ನೀನೇ ನೋಡು.

ಇದೆಲ್ಲದರ ಮೊದಲು ಒಂದೊಂದೇ ಕಣ್ಣು ಮುಚ್ಚಿ ದೂರದ ಬೋರ್ಡು ಓದು. ಎರಡೂ ಕಣ್ಣು ತೆರೆದಾಗ ಒಂದು ಕಣ್ಣಿನ ದೋಷವನ್ನು ಇನ್ನೊಂದು ಮುಚ್ಚಿಹಾಕುತ್ತದೆ. ಆದರೆ ದೂರ ಅಳೆಯಲು ಎರಡೂ ಕಣ್ಣು ಸಮ ಇರಬೇಕು. ವ್ಯತ್ಯಾಸ ಕಂಡರೆ ಬಂದು ಪರೀಕ್ಷೆ ಮಾಡಿಸಿಕೋ. ಹೆಲ್ಮೆಟ್ ಇಲ್ಲದೆ ಲೆದರ್ ಬಾಲ್ ಆಡಲೇಬೇಡ.

ಪ್ರಶ್ನೆ: ಮಗಳಿಗೆ 11 ವರ್ಷ, ಖೊಖೊ ಆಡುತ್ತಾಳೆ. ವರ್ಷ ವರ್ಷ ನಂಬರ್ ಏರುತ್ತಿದೆ. ಸದಾ ಕನ್ನಡಕ ಹಾಕಿದರೆ ಇನ್ನೂ ಏರುತ್ತದೆ ಅಂತ ನಮ್ಮತ್ತೆ ಹೇಳುತ್ತಾರೆ. ಗಜ್ಜರಿ, ನುಗ್ಗೆ ಸೊಪ್ಪು ಕೊಡುತ್ತಿದ್ದೇನೆ. — ರಾಯಚೂರು

ಸೊಪ್ಪು ಕೊಡಿ, ಎಣ್ಣೆ ಒಗ್ಗರಣೆ ಹಾಕಿ ಕೊಟ್ಟರೆ ವಿಟಮಿನ್ ಎ ಚೆನ್ನಾಗಿ ಮೈಗೆ ಹತ್ತುತ್ತದೆ. ಅದು ಇರುಳುಗಣ್ಣು ಬರದಂತೆ ತಡೆಯುತ್ತದೆ, ನಂಬರ್ ಇಳಿಸುವುದಿಲ್ಲ. ಅತ್ತೆಯವರ ಕಾಳಜಿ ದೊಡ್ಡದು, ಆದರೆ ಕನ್ನಡಕದಿಂದ ನಂಬರ್ ಏರುವುದಿಲ್ಲ. ಈ ವಯಸ್ಸಿನಲ್ಲಿ ಕಣ್ಣುಗುಡ್ಡೆ ಬೆಳೆಯುತ್ತಾ ಉದ್ದವಾಗುವುದರಿಂದ ಏರುತ್ತದೆ. ಕಡಿಮೆ ನಂಬರ್ ಹಾಕಿಸಿ ನೋಡೋಣ ಅನ್ನುವುದೂ ಬೇಡ.

ಆಟ ಬಿಡಿಸಬೇಡಿ. ಮಕ್ಕಳು ದಿನಾ ಎರಡು ಗಂಟೆ ಬಯಲಿನ ಬೆಳಕಿನಲ್ಲಿ ಇದ್ದರೆ ಮೈನಸ್ ನಂಬರ್ ಹೊಸದಾಗಿ ಬರುವುದು ಕಡಿಮೆಯಾಗುತ್ತದೆ ಅಂತ ಗೊತ್ತಾಗಿದೆ. ತೈವಾನಿನಲ್ಲಿ 2010ರಿಂದ ಶಾಲೆಗಳಲ್ಲಿ ಇದನ್ನು ಜಾರಿಗೆ ತಂದಿದ್ದಾರೆ. ಈಗಾಗಲೇ ನಂಬರ್ ಇರುವ ಮಕ್ಕಳಿಗೆ ಲಾಭ ಅಷ್ಟಿಲ್ಲ, ಆದರೂ ಬಯಲು ಒಳ್ಳೆಯದೇ. ರಾಯಚೂರಿನ ಏಪ್ರಿಲ್ ಬಿಸಿಲಲ್ಲಿ ನಿಲ್ಲಿಸಬೇಕಾಗಿಲ್ಲ, ಬೇವಿನ ಮರದ ನೆರಳಲ್ಲೂ ಮನೆಯೊಳಗಿಗಿಂತ ಎಷ್ಟೋ ಪಟ್ಟು ಬೆಳಕು ಇರುತ್ತದೆ. ಏರುವ ವೇಗ ಜಾಸ್ತಿ ಇದ್ದರೆ ಕಡಿಮೆ ಪ್ರಮಾಣದ ಅಟ್ರೊಪಿನ್ ಡ್ರಾಪ್ಸ್ ಇದೆ, ಡಾಕ್ಟರ್ ಬರೆದುಕೊಟ್ಟರೆ ಮಾತ್ರ ಹಾಕಿ.

ಪ್ರಶ್ನೆ: ನಾನು ಶಿಕ್ಷಕ, 47 ವರ್ಷ, ಪ್ರೊಗ್ರೆಸಿವ್ ಕನ್ನಡಕ. ರಜೆಯಲ್ಲಿ ದರೋಜಿ ಕರಡಿಧಾಮಕ್ಕೆ ಹೋಗುತ್ತೇನೆ. ಬೈನಾಕ್ಯುಲರ್ ತಗೊಳ್ಳಬೇಕು. ಹೆಚ್ಚು ಪವರಿನದು ತಗೊಂಡರೆ ಹೆಚ್ಚು ಸ್ಪಷ್ಟ ಕಾಣುತ್ತದಾ? — ಕೊಪ್ಪಳ

ಹೆಚ್ಚು ದೊಡ್ಡದು ಕಾಣುತ್ತದೆ ಸರ್, ಹೆಚ್ಚು ಸ್ಪಷ್ಟ ಅಂತ ಹೇಳಲಾಗದು. ನನ್ನ ಮಾತು ಕೇಳುವುದಾದರೆ 8x42 ತಗೊಳ್ಳಿ, ಅಂದ್ರೆ 8 ಪಟ್ಟು ದೊಡ್ಡದು ಮಾಡುವ, ಮುಂದಿನ ಗಾಜು 42 ಮಿಲಿಮೀಟರ್ ಅಗಲ ಇರುವ ಬೈನಾಕ್ಯುಲರ್. 42ನ್ನು 8ರಿಂದ ಭಾಗಿಸಿದರೆ 5.25. ಅಷ್ಟು ಮಿಲಿಮೀಟರ್ ಅಗಲದ ಬೆಳಕಿನ ಕಟ್ಟು ಕಣ್ಣಿಗೆ ಬರುತ್ತದೆ. 10x42ರಲ್ಲಿ 4.2 ಮಾತ್ರ. ಕರಡಿ ಹೊರಬರುವುದು ಬಿಸಿಲು ಇಳಿಯುವ ಹೊತ್ತಿಗೆ, ಕಪ್ಪು ಪ್ರಾಣಿ, ಸುತ್ತ ಬಂಡೆಯ ನೆರಳು. ಸಂಜೆ ಬಂಡೆಯ ಮೇಲೆ ಮೂತಿಯನ್ನೂ ಎದೆಯ ಬಿಳಿ ಗುರುತನ್ನೂ ಬೇರೆ ಮಾಡಿ ನೋಡಬೇಕೆಂದರೆ ಬೆಳಕೇ ಬೇಕು. ಪವರ್ ಜಾಸ್ತಿಯಾದಷ್ಟು ಕೈನಡುಕವೂ ದೊಡ್ಡದಾಗುತ್ತದೆ.

ಕನ್ನಡಕದವರು ಐ ರಿಲೀಫ್, ಅಂದ್ರೆ ಬೈನಾಕ್ಯುಲರಿನ ಗಾಜಿನಿಂದ ಕಣ್ಣು ಎಷ್ಟು ದೂರ ಇದ್ದರೂ ಪೂರ್ತಿ ಕಾಣುತ್ತದೆ ಅನ್ನುವ ಅಳತೆ, ಎಷ್ಟು ಅಂತ ಕೇಳಲೇಬೇಕು, 16 ಮಿಲಿಮೀಟರಿಗಿಂತ ಕಡಿಮೆ ಇರುವುದು ಬೇಡ. ಇಲ್ಲದಿದ್ದರೆ ಸುತ್ತ ಕಪ್ಪಾಗಿ ನಡುವೆ ಮಾತ್ರ ಕಾಣುತ್ತದೆ. ಕಣ್ಣಿಡುವ ರಬ್ಬರ್ ಬಟ್ಟಲನ್ನು ಪೂರ್ತಿ ಒಳಕ್ಕೆ ತಿರುಗಿಸಿ. ಆಮೇಲೆ ಬಹಳ ಜನ ಬಿಟ್ಟುಬಿಡುವ ಕೆಲಸ ಒಂದಿದೆ. ಬಲಗಡೆಯ ಮುಂದಿನ ಗಾಜು ಮುಚ್ಚಿ, ಎಡಗಣ್ಣಿನಿಂದ ದೂರದ ಕಲ್ಲು ನೋಡುತ್ತಾ ನಡುವಿನ ಚಕ್ರ ಹೊಂದಿಸಿ. ಈಗ ಎಡಗಡೆ ಮುಚ್ಚಿ, ಚಕ್ರ ಮುಟ್ಟದೆ, ಬಲಗಣ್ಣಿನ ಬಳಿ ಇರುವ ಉಂಗುರ ತಿರುಗಿಸಿ ಅದೇ ಕಲ್ಲನ್ನು ಸ್ಪಷ್ಟ ಮಾಡಿ. ಇದು ಒಮ್ಮೆ ಆದರೆ ಆಯಿತು. ಇದನ್ನು ಮಾಡದೆ ಬೈನಾಕ್ಯುಲರ್ ಸರಿ ಇಲ್ಲ ಅಂತ ಮೂಲೆಗೆ ಹಾಕುವವರು ಎಷ್ಟೋ ಜನ.

ಬಂಡೆಗುಡ್ಡದ ಹಳದಿ ಕೊರಳಿನ ಪಿಕಳಾರ ನೋಡಬೇಕೆಂದರೆ ಬೆಳಿಗ್ಗೆ ಬೇಗ ಹೋಗಿ. ಬಿಸಿಲೇರಿದ ಮೇಲೆ ಕಾದ ಬಂಡೆಯ ಮೇಲಿನ ಗಾಳಿ ಅಲೆಅಲೆಯಾಗಿ ಕುದಿಯುತ್ತದೆ, ಎಷ್ಟು ದುಬಾರಿ ಗಾಜಾದರೂ ಆ ನಡುಕವನ್ನೂ ದೊಡ್ಡದು ಮಾಡಿಯೇ ತೋರಿಸುತ್ತದೆ. ಪ್ರೊಗ್ರೆಸಿವ್ ಬಗ್ಗೆ ಒಂದು ಎಚ್ಚರಿಕೆ: ಅದರ ಕೆಳಭಾಗ ಓದುವುದಕ್ಕೆ ಇರುವುದು, ಹಾಗಾಗಿ ಕಾಲಬುಡದ ಮೆಟ್ಟಿಲು, ಕಲ್ಲು ಮಸುಕಾಗಿ ಕಾಣುತ್ತದೆ. ಗುಡ್ಡ ಇಳಿಯುವಾಗ ಗದ್ದ ತಗ್ಗಿಸಿ ಮೇಲಿನ ಭಾಗದಿಂದ ನೋಡಿ. ಅನುಕೂಲ ಇದ್ದರೆ ತಿರುಗಾಟಕ್ಕೆ ಅಂತಲೇ ಬರೀ ದೂರದ ನಂಬರಿನ ಇನ್ನೊಂದು ಕನ್ನಡಕ ಮಾಡಿಸಿ, ಅದೇ ಒಳ್ಳೆಯದು.

ಪ್ರಶ್ನೆ: ವಯಸ್ಸು 63, ಒಕ್ಕಲುತನ. ಹೊಲದಲ್ಲಿ ಮಲಗಿದಾಗ ಮೊದಲೆಲ್ಲ ವಸಿಷ್ಠ ಅರುಂಧತಿ ಬೇರೆ ಬೇರೆ ಕಾಣುತ್ತಿದ್ದವು. ಈಗ ಒಂದೇ ಕಾಣುತ್ತದೆ. ರಾತ್ರಿ ಬೈಕಿನಲ್ಲಿ ಬರುವಾಗ ಎದುರಿನ ಲೈಟು ಒಡೆದಂತೆ ಹರಡುತ್ತದೆ. ಹಳದಿ ಕನ್ನಡಕ ತಗೊಳ್ಳಲಾ? — ಲಿಂಗಸುಗೂರು

ಹಳದಿ ಕನ್ನಡಕ ಬೇಡ ಹಿರಿಯರೇ. ರಾತ್ರಿ ಇರುವ ಸ್ವಲ್ಪ ಬೆಳಕನ್ನೂ ಅದು ಕಡಿಮೆ ಮಾಡುತ್ತದೆ. ಲೈಟು ಹರಡುವುದು ಪೊರೆ ಶುರುವಾಗಿರುವ ಲಕ್ಷಣ ಇರಬಹುದು. ಪರೀಕ್ಷೆ ಆಗುವವರೆಗೆ ರಾತ್ರಿ ಗಾಡಿ ಓಡಿಸಬೇಡಿ. ಅದೇ ದಿನ ಶುಗರ್ ಕೂಡ ನೋಡಿಸಿ, ಅದು ಏರಿಳಿದರೆ ನಂಬರೂ ಏರಿಳಿಯುತ್ತದೆ.

ನಕ್ಷತ್ರದ ಮಾತು ಕೇಳಿ ನನಗೆ ಖುಷಿಯಾಯಿತು. ಆ ಎರಡರ ನಡುವಿನ ಅಂತರ ಸುಮಾರು 12 ಕೋನನಿಮಿಷ (ಒಂದು ಡಿಗ್ರಿಯ ಅರವತ್ತನೇ ಒಂದು ಭಾಗ ಅಂದ್ರೆ ಒಂದು ಕೋನನಿಮಿಷ). 6/6, ಅಂದ್ರೆ ಸಹಜ ದೃಷ್ಟಿಯ ಕಣ್ಣು, ಒಂದು ಕೋನನಿಮಿಷವನ್ನು ಬೇರೆ ಮಾಡುತ್ತದೆ, ಹಾಗಾಗಿ ಅಂತರ ಸಾಕಷ್ಟಿದೆ. ತೊಂದರೆ ಏನೆಂದರೆ ಅರುಂಧತಿ ಬಹಳ ಮಂದ. ವಯಸ್ಸಾದಂತೆ ಪಾಪೆ ಕತ್ತಲಲ್ಲಿ ಮೊದಲಿನಷ್ಟು ಅಗಲ ತೆರೆಯುವುದಿಲ್ಲ, ಒಳಗಿನ ಮಸೂರವೂ ಹಳದಿಯಾಗುತ್ತದೆ. ಪೊರೆ ಇದ್ದರೆ ಆಪರೇಷನ್ ಆದ ಮೇಲೆ ಮತ್ತೆ ಕಾಣುವ ಸಾಧ್ಯತೆ ಚೆನ್ನಾಗಿದೆ. ಏಪ್ರಿಲ್, ಮೇ ರಾತ್ರಿ ಉತ್ತರಕ್ಕೆ ಸಪ್ತರ್ಷಿ ಮಂಡಲದ ಬಾಲದಲ್ಲಿ ಕೊನೆಯಿಂದ ಎರಡನೆಯದನ್ನು ನೋಡಿ. ಅದಕ್ಕೂ ಮೊದಲು ಅರ್ಧ ಗಂಟೆ ಮೊಬೈಲು, ಟಾರ್ಚು ಏನೂ ಬೇಡ, ಕಣ್ಣು ಕತ್ತಲಿಗೆ ಹೊಂದಲು ಅಷ್ಟು ಹೊತ್ತು ಬೇಕು. ನೇರ ದಿಟ್ಟಿಸದೆ ಸ್ವಲ್ಪ ಪಕ್ಕಕ್ಕೆ ನೋಡಿದರೆ ಮಂದ ಚುಕ್ಕಿ ಇನ್ನೂ ಚೆನ್ನಾಗಿ ಕಾಣುತ್ತದೆ.

ಪ್ರಶ್ನೆ: 21 ವರ್ಷ, ಗರಡಿಯಲ್ಲಿ ಕುಸ್ತಿ ಮಾಡುತ್ತೇನೆ. ಮೈನಸ್ 4.5 ನಂಬರ್. ಕನ್ನಡಕ ತೆಗೆದರೆ ಎದುರಾಳಿಯ ಕೈ ಗೊತ್ತಾಗುವುದಿಲ್ಲ. ನಂಬರ್ ತೆಗೆಯುವ ಲೇಸಿಕ್ ಆಪರೇಷನ್ ಮಾಡಿಸಬಹುದಾ? — ಕುಷ್ಟಗಿ

ಮಾಡಿಸಬಹುದು, ಆದರೆ ಯಾವ ಬಗೆಯದು ಅನ್ನುವುದೇ ನಿಮ್ಮ ವಿಷಯದಲ್ಲಿ ಮುಖ್ಯ. ಲೇಸಿಕ್‌ನಲ್ಲಿ ಕಾರ್ನಿಯಾದ ಮೇಲೆ ತೆಳುವಾದ ಮುಚ್ಚಳ ಕತ್ತರಿಸಿ, ಎತ್ತಿ, ಕೆಳಗೆ ಲೇಸರ್ ಹಾಯಿಸಿ ಮತ್ತೆ ಮುಚ್ಚುತ್ತಾರೆ. ಎಷ್ಟೋ ವರ್ಷದ ನಂತರವೂ ಜೋರು ಪೆಟ್ಟು ಬಿದ್ದರೆ, ಬೆರಳು ತಾಗಿದರೆ ಆ ಮುಚ್ಚಳ ಜರುಗಬಹುದು. ಕುಸ್ತಿಯಲ್ಲಿ ಬೆರಳು ತಾಗುವುದು ಎಷ್ಟು ಸಾಮಾನ್ಯ ಅಂತ ನಿಮಗೆ ಹೇಳಬೇಕಾಗಿಲ್ಲ. ಅದಕ್ಕೇ ನಿಮ್ಮಂಥವರಿಗೆ ಮುಚ್ಚಳ ಇಲ್ಲದ ಪಿಆರ್‌ಕೆ ಅಥವಾ ಸ್ಮೈಲ್ ಅನ್ನುವ ಲೇಸರ್ ಚಿಕಿತ್ಸೆಗಳ ಬಗ್ಗೆ ಡಾಕ್ಟರ್ ಹತ್ತಿರ ಕೇಳಿ. ಪಿಆರ್‌ಕೆಯಲ್ಲಿ ಮೊದಲ ಕೆಲವು ದಿನ ನೋವು ಜಾಸ್ತಿ, ಗಾಯ ಮಾಯಲು ಹೊತ್ತು ಹಿಡಿಯುತ್ತದೆ, ಮತ್ತೆ ಯಾವಾಗ ಅಖಾಡಕ್ಕೆ ಇಳಿಯಬಹುದು ಅಂತ ಅವರೇ ಹೇಳಬೇಕು.

ಕನಿಷ್ಠ ಒಂದು ವರ್ಷ ನಂಬರ್ ಬದಲಾಗದೆ ನಿಂತಿರಬೇಕು, ಕಾರ್ನಿಯಾ ಸಾಕಷ್ಟು ದಪ್ಪ ಇರಬೇಕು. ಕಾಂಟ್ಯಾಕ್ಟ್ ಲೆನ್ಸ್ ಹಾಕುತ್ತಿದ್ದರೆ ಅಳತೆಗೆ ಎಷ್ಟು ದಿನ ಮೊದಲು ನಿಲ್ಲಿಸಬೇಕು ಅಂತ ಫೋನಿನಲ್ಲೇ ಕೇಳಿಕೊಳ್ಳಿ. ಗರಡಿಯ ಮಣ್ಣಿನಲ್ಲಂತೂ ಆ ಲೆನ್ಸ್ ಬೇಡವೇ ಬೇಡ. ಪಾಪೆ ದೊಡ್ಡದು ಮಾಡುವ ಡ್ರಾಪ್ಸ್ ಹಾಕಿಸಿ ಕಣ್ಣಿನ ಹಿಂದಿನ ಪರದೆ, ಅಂದ್ರೆ ರೆಟಿನಾವನ್ನೂ ನೋಡಿಸಿ. ಉದ್ದನೆಯ ಕಣ್ಣಿನಲ್ಲಿ ಆ ಪರದೆ ತೆಳುವಾಗಿರುತ್ತದೆ, ಲೇಸರ್ ಆದರೂ ಅದು ಹಾಗೇ ಉಳಿಯುತ್ತದೆ. ಕಣ್ಣಿನಲ್ಲಿ ಮಿಂಚು ಹೊಡೆದಂತಾದರೆ, ಕಪ್ಪು ಚುಕ್ಕೆಗಳು ಒಮ್ಮೆಲೇ ಹೆಚ್ಚಾದರೆ, ಒಂದು ಬದಿಯಿಂದ ಕಪ್ಪು ತೆರೆ ಇಳಿದಂತಾದರೆ ಅದೇ ದಿನ ಕಣ್ಣಾಸ್ಪತ್ರೆಗೆ ಹೋಗಿ, ಬೆಳಗಾಗಲಿ ಅಂತ ಕಾಯಬೇಡಿ. ಹೋಗುವಾಗ ಮನೆಯಲ್ಲಿರುವ ಹಳೇ ಕನ್ನಡಕದ ಚೀಟಿಗಳನ್ನೆಲ್ಲ ತಗೊಂಡು ಹೋಗಿ, ನಂಬರ್ ನಿಂತಿದೆಯೋ ಇಲ್ಲವೋ ಅಂತ ಡಾಕ್ಟರಿಗೆ ಅದರಿಂದಲೇ ಗೊತ್ತಾಗುತ್ತದೆ.